ಕಳುವಾದ ಬಂದೂಕು, ಕೊಡದ ದೂರು

ಅಮೆರಿಕದಲ್ಲಿ ಪರವಾನಗಿ ಪಡೆದ ಬಂದೂಕು ವ್ಯಾಪಾರಿಯು ಅಂಗಡಿಯ ಆಯುಧ ಕಳುವಾದುದು ತಿಳಿದ 48 ಗಂಟೆಗಳೊಳಗೆ ವರದಿ ಮಾಡಬೇಕೆಂದು ಒಕ್ಕೂಟದ ಕಾನೂನು ವಿಧಿಸುತ್ತದೆ. ಮನೆಯಲ್ಲಿ ಬಂದೂಕು ಇಟ್ಟುಕೊಂಡವನಿಗೆ ಆ ಕಟ್ಟಳೆಯಿಲ್ಲ. ಅವನ ವಿಷಯ ಆಯಾ ರಾಜ್ಯಕ್ಕೆ ಬಿಟ್ಟದ್ದು. ನ್ಯೂಯಾರ್ಕಿನಲ್ಲಿ ಗಡುವು 24 ಗಂಟೆ. ಕ್ಯಾಲಿಫೋರ್ನಿಯದ ಮತದಾರರು 2016ರಲ್ಲಿ ಅಂಗೀಕರಿಸಿದ 63ನೆಯ ಪ್ರಸ್ತಾವದಂತೆ 5 ದಿನ. ಎಷ್ಟೋ ರಾಜ್ಯಗಳಲ್ಲಿ ನಿಯಮವೇ ಇಲ್ಲ.

ದೂರು ಬಂದರೆ ಪೊಲೀಸರು ಬಂದೂಕಿನ ಮೇಲೆ ಕೆತ್ತಿದ ಕ್ರಮಸಂಖ್ಯೆಯನ್ನು ಎಫ್‌ಬಿಐ ನಡೆಸುವ ಎನ್‌ಸಿಐಸಿ ಕಡತಕ್ಕೆ ಸೇರಿಸುತ್ತಾರೆ. ಅದು ದೂರದ ಊರಿನಲ್ಲಿ ಸಿಕ್ಕರೂ ಗುರುತು ಹತ್ತುತ್ತದೆ. ಹಳೆಯ ಬಂದೂಕು ಕೊಳ್ಳುವ ಸಾಮಾನ್ಯನಿಗೆ ಆ ಕಡತ ತೆರೆದಿಲ್ಲ. ಫ್ಲಾರಿಡಾ ರಾಜ್ಯವಾದರೋ ತನ್ನ ಕಳವಿನ ಪಟ್ಟಿಯನ್ನು ಯಾರು ಬೇಕಾದರೂ ನೋಡುವಂತೆ ಜಾಲತಾಣದಲ್ಲಿಟ್ಟಿದೆ, ಮೆಚ್ಚತಕ್ಕದ್ದೇ.

ಇದಕ್ಕಿಂತ ಗಹನವಾದುದು ಇನ್ನೊಂದಿದೆ. ತನ್ನ ಹೆಸರಿನಲ್ಲಿ ಬಂದೂಕು ಕೊಂಡು ಅನರ್ಹನಿಗೆ ದಾಟಿಸಿದವನು, ಕೊಲೆಯ ಜಾಡು ಹಿಡಿದು ಪೊಲೀಸರು ಬಾಗಿಲಿಗೆ ಬಂದಾಗ, "ಅದು ಎಂದೋ ಕಳುವಾಯಿತು" ಎನ್ನುತ್ತಾನೆ. ಕಟ್ಟಳೆಯಿಲ್ಲದ ರಾಜ್ಯದಲ್ಲಿ ತನಿಖೆ ಬಹುಮಟ್ಟಿಗೆ ಅಲ್ಲಿಗೇ ನಿಲ್ಲುತ್ತದೆ. ಕಟ್ಟಳೆಯಿರುವಲ್ಲಿ, "ಹಾಗಾದರೆ ದೂರೆಲ್ಲಿ?" ಎಂದು ಕೇಳಬಹುದು.

ಕಳವಿಗೆ ತುತ್ತಾದವನನ್ನೇ ದಂಡಿಸುವುದು ನ್ಯಾಯವೇ ಎಂಬ ಆಕ್ಷೇಪವುಂಟು. ಕ್ಯಾಲಿಫೋರ್ನಿಯದಲ್ಲಿ ಮೊದಲ ತಪ್ಪಿಗೆ ದಂಡ ಹೆಚ್ಚೆಂದರೆ 100 ಡಾಲರ್.