ಬೀದಿದೀಪವೂ ಬೆಳಕಿನ ಬಲೆಯೂ



ಹೊನ್ನಾಳಿ, ನ್ಯಾಮತಿ ಕಡೆಯ ಭತ್ತದ ರೈತರಿಗೆ ಬೆಳಕಿನ ಬಲೆ ಗೊತ್ತು. ಗದ್ದೆಯ ಬದುವಿನಲ್ಲಿ ಬಲ್ಬು ಕಟ್ಟಿ ಕೆಳಗೆ ನೀರಿನ ಬೋಗುಣಿ ಇಟ್ಟರೆ ಕಾಂಡಕೊರಕದ ಪತಂಗಗಳು ಬಂದು ಬೀಳುತ್ತವೆ. ಹೊತ್ತು ನೋಡಿ ಅದನ್ನು ಆರಿಸಬೇಕು, ಇಲ್ಲದಿದ್ದರೆ ಪೈರಿಗೆ ಉಪಕಾರ ಮಾಡುವ ಹುಳಗಳೂ ಸಾಯುತ್ತವೆ. ನಮ್ಮ ಬೀದಿದೀಪವೂ ಅಂಥದೇ ಬಲೆ. ಆದರೆ ಅದು ಬೆಳಗಿನವರೆಗೂ ಉರಿಯುತ್ತದೆ, ವರ್ಷವಿಡೀ. ದೀಪ ಸುತ್ತಿ ಸೋತ ಪತಂಗ ಆ ರಾತ್ರಿ ಹೂವಿನ ಕಡೆ ಹೋಗುವುದಿಲ್ಲ.

ಚನ್ನಗಿರಿಯ ಅಡಿಕೆ ಬೆಳೆಗಾರರಿಗೆ ಬಸವನಹುಳದ ಕಾಟ ಹೊಸದಲ್ಲ. ಮಿಣುಕುಹುಳದ ಮರಿಗೆ ಬಸವನಹುಳಗಳು ಆಹಾರ. ಗಂಡು ಮಿಣುಕುಹುಳ ಮಿನುಗಿ ಕರೆಯುತ್ತದೆ, ಹೆಣ್ಣು ಮಿನುಗಿಯೇ ಓಗೊಡುತ್ತದೆ. ತೋಟದ ಮನೆಯ ಫೋಕಸ್ ಲೈಟಿನಡಿ ಈ ಮಾತುಕತೆ ನಡೆಯುವುದಾದರೂ ಹೇಗೆ?

ಕೆರೆಯ ನೀರಿನಲ್ಲಿ ಪಾಚಿ ತಿಂದು ಬದುಕುವ ಅತಿ ಸಣ್ಣ ಜೀವಿಗಳು ಕತ್ತಲಾದ ಮೇಲೆ ಮೇಯಲು ಮೇಲಕ್ಕೆ ಬರುತ್ತವೆ. ಬೆಳಕಿದ್ದರೆ ಮೀನಿಗೆ ಹೆದರಿ ಕೆಳಗೇ ಉಳಿಯುತ್ತವೆ, ಪಾಚಿ ಬೆಳೆಯಲು ಅವಕಾಶವಾಗುತ್ತದೆ. ಸೂಳೆಕೆರೆಯ ದಂಡೆಗೆ ಅಂದದ ದೀಪ ಹಾಕಲು ಹೊರಟವರು ಇದನ್ನು ಮೊದಲು ಯೋಚಿಸಲಿ. ಗಿಡಗಳೂ ಇರುಳಿನ ಉದ್ದವನ್ನು ಅಳೆಯುತ್ತವೆ. ಸೇವಂತಿಗೆ ಬೆಳೆಗಾರರು ರಾತ್ರಿ ಬಲ್ಬು ಉರಿಸಿ ಹೂ ಬಿಡುವುದನ್ನು ತಡಮಾಡುವುದು ಈ ಗುಟ್ಟು ತಿಳಿದೇ.

ಜಗಳೂರಿನ ರಂಗಯ್ಯನದುರ್ಗದಲ್ಲಿ ಕೊಂಡುಕುರಿಗಳಿಗಾಗಿ ವನ್ಯಧಾಮವಿದೆ. ಕೊಂಡುಕುರಿ ಹೆಚ್ಚಾಗಿ ಹಗಲು ಮೇಯುವ ಪ್ರಾಣಿ. ಕರಡಿ ಹಾಗಲ್ಲ, ಹೆಚ್ಚಾಗಿ ಕತ್ತಲಲ್ಲಿ ಅದರ ಓಡಾಟ, ದೀಪ ತೊಡಕಾಗುವುದು ಅದಕ್ಕೇ. ಹಾಗೆಂದು ಆ ಭಾಗದವರಿಗೆ ದೀಪ ಬೇಡ ಎನ್ನುವ ಧೈರ್ಯ ನನಗಿಲ್ಲ. ಕರೆಂಟು ಬಂದಾಗ ಸರಿರಾತ್ರಿಯಲ್ಲಿ ಮೋಟಾರು ಹಾಕಲು ಹೊಲಕ್ಕೆ ಹೋಗುವವರು ಅವರು.

ಬೆಳಕು ಕಾಲಬುಡಕ್ಕೆ ಬೀಳಲಿ ಎಂಬುದಷ್ಟೇ ನನ್ನ ಕೋರಿಕೆ. ದೀಪದ ಮೇಲೆ ಮುಚ್ಚಳವಿದ್ದರೆ ಬೆಳಕು ಆಕಾಶಕ್ಕೆ ಸೋರುವುದಿಲ್ಲ, ಕಡಿಮೆ ವ್ಯಾಟಿನ ಬಲ್ಬೂ ಸಾಕಾಗುತ್ತದೆ. ನೀಲಿ ಛಾಯೆಯ ಬಿಳಿ ಎಲ್‌ಇಡಿ ಬೆಳಕು ಗಾಳಿಯಲ್ಲಿ ಹೆಚ್ಚು ಚದುರುತ್ತದೆ, ಹುಳಗಳನ್ನೂ ಹೆಚ್ಚು ಸೆಳೆಯುತ್ತದೆ. ಬಲ್ಬಿನ ಡಬ್ಬಿಯ ಮೇಲೆ 6500 ಕೆಲ್ವಿನ್ ಎಂದಿದ್ದರೆ ಅದು ಆ ಬಗೆಯದು. 2700 ಅಥವಾ 3000 ಎಂದಿದ್ದರೆ ಹಳದಿ ಬೆಳಕು, ಹೊರಾಂಗಣಕ್ಕೆ ಅದೇ ವಾಸಿ. ಗೋಪುರದ ಅಲಂಕಾರ, ಅಂಗಡಿಯ ಬೋರ್ಡು ರಾತ್ರಿ ಹತ್ತರ ನಂತರ ಯಾರಿಗಾಗಿ ಉರಿಯಬೇಕು? ಜನ ಸುಳಿದಾಗ ಮಾತ್ರ ಹೊತ್ತುವ ಸೆನ್ಸರ್ ದೀಪಗಳು ಈಗ ಪೇಟೆಯಲ್ಲಿ ಸಿಗುತ್ತವೆ. ನಿಮ್ಮ ಬೀದಿಯ ಬಲ್ಬು ಕೆಟ್ಟು ಪಂಚಾಯಿತಿಯವರು ಹೊಸದು ಹಾಕಲು ಬಂದಾಗ, ಡಬ್ಬಿಯ ಮೇಲಿನ ಸಂಖ್ಯೆಯನ್ನೊಮ್ಮೆ ನೋಡಿ, ಮುಚ್ಚಳ ಎಲ್ಲಿ ಎಂದು ಕೇಳಿ.