ಚಂದಾ ಎತ್ತಿ ಸಿನಿಮಾ ಮಾಡಿದ ಜಾನ್



ಇವತ್ತು ನಾನು ಮಾತಾಡಲಿರುವ ನಿರ್ದೇಶಕ ಜಾನ್ ಅಬ್ರಹಾಂ ಮಾಡಿದ್ದು ನಾಲ್ಕೇ ಕಥಾಚಿತ್ರ. 1937ರಲ್ಲಿ ಕೇರಳದಲ್ಲಿ ಹುಟ್ಟಿದ ಅವರು ನಮ್ಮ ಬಳ್ಳಾರಿಯ ಎಲ್‌ಐಸಿ ಕಚೇರಿಯಲ್ಲಿ ಕೆಲಸಕ್ಕಿದ್ದವರು. ಅದನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದಾಗ ಋತ್ವಿಕ್ ಘಟಕ್ ಗುರುಗಳಾಗಿ ಸಿಕ್ಕರು. ಆಮೇಲೆ ಮಣಿ ಕೌಲ್ ಅವರ ‘ಉಸ್ಕಿ ರೋಟಿ’ಗೆ ಸಹಾಯಕರಾಗಿ ದುಡಿದರು.

ಹೆಸರು ತಂದದ್ದು 1977ರ ತಮಿಳು ಚಿತ್ರ ‘ಅಗ್ರಹಾರತ್ತಿಲ್ ಕಳುದೈ’. ತಾಯಿ ಸತ್ತ ಕತ್ತೆಮರಿಯೊಂದನ್ನು ಪ್ರೊಫೆಸರೊಬ್ಬರು ಸಾಕಲು ತರುತ್ತಾರೆ, ಕಾಲೇಜಿನವರ ನಗೆಪಾಟಲು ತಾಳದೆ ಊರಿನ ಅಗ್ರಹಾರಕ್ಕೆ ಒಯ್ಯುತ್ತಾರೆ. ಊರವರು ಮೊದಲು ಅದನ್ನು ಕೊಲ್ಲುತ್ತಾರೆ. ಅನಂತರ ಪವಾಡ ಕಂಡೆವೆಂದು ಅದಕ್ಕೇ ಗುಡಿ ಕಟ್ಟಲು ಹೊರಡುತ್ತಾರೆ! ಪ್ರೊಫೆಸರ್ ಪಾತ್ರಕ್ಕೆ ಜಾನ್ ಕರೆದದ್ದು ಸಂಗೀತ ನಿರ್ದೇಶಕ ಎಂ.ಬಿ. ಶ್ರೀನಿವಾಸನ್ ಅವರನ್ನು. ಅತ್ಯುತ್ತಮ ತಮಿಳು ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ ಬಂತು.

ಇಷ್ಟಾದ ಮೇಲೂ ಜಾನ್ ಅವರನ್ನು ಕಾಡಿದ ಪ್ರಶ್ನೆ ಒಂದೇ: ಸಿನಿಮಾಕ್ಕೆ ದುಡ್ಡು ಹಾಕುವವರು ಯಾರು? ಹಾಕಿದವನ ಮರ್ಜಿಗೆ ಚಿತ್ರ ಬಗ್ಗಲೇಬೇಕು. ಹಾಗಿದ್ದರೆ ನೋಡುವವರೇ ಯಾಕೆ ಹಾಕಬಾರದು? 1984ರಲ್ಲಿ ಗೆಳೆಯರೊಂದಿಗೆ ‘ಒಡೆಸ್ಸಾ’ ಬಳಗ ಕಟ್ಟಿದರು. ಊರೂರಿಗೆ 16 ಎಂಎಂ ಪ್ರೊಜೆಕ್ಟರ್ ಹೊತ್ತೊಯ್ದು ಚಾಪ್ಲಿನ್‌ನ ‘ದಿ ಕಿಡ್’ ತೋರಿಸಿ, ಜನರ ಮುಂದೆ ಕೈಚಾಚಿದರು. ಹಾಗೆ ಕೂಡಿದ ಚಿಲ್ಲರೆ ಕಾಸಿನಿಂದ ಹುಟ್ಟಿದ್ದು 1986ರ ‘ಅಮ್ಮ ಅರಿಯಾನ್’.

ಈ ಚಿತ್ರದ ಹತ್ತಿರ ಸ್ವಲ್ಪ ಹೊತ್ತು ನಿಲ್ಲೋಣ. ದೆಹಲಿಗೆ ಹೊರಟ ಪುರುಷನ್ ಎಂಬ ಯುವಕ ದಾರಿಯಲ್ಲಿ ಒಂದು ಶವ ಕಾಣುತ್ತಾನೆ. ಯಾರದೆಂದು ಹುಡುಕುತ್ತ ಹೋದರೆ ಅದು ತಬಲಾ ವಾದಕ ಹರಿಯದು. ಸುದ್ದಿಯನ್ನು ಹರಿಯ ತಾಯಿಗೆ ಮುಟ್ಟಿಸಬೇಕು. ವಯನಾಡಿನಿಂದ ಕೊಚ್ಚಿಯವರೆಗಿನ ಆ ದಾರಿಯಲ್ಲಿ ಹರಿಯ ಗೆಳೆಯರು ಒಬ್ಬೊಬ್ಬರಾಗಿ ಜೊತೆಗೂಡುತ್ತಾರೆ, ಕೊನೆಗೆ ಅದೊಂದು ದೊಡ್ಡ ಗುಂಪೇ ಆಗುತ್ತದೆ. ನಡುನಡುವೆ ವೈದ್ಯಕೀಯ ವಿದ್ಯಾರ್ಥಿಗಳ ಮುಷ್ಕರ, ದುಡಿಯುವವರ ಹೋರಾಟಗಳು ಸಾಕ್ಷ್ಯಚಿತ್ರದಂತೆ ನುಗ್ಗಿ ಬರುತ್ತವೆ. ವೇಣು ಅವರ ಕಪ್ಪು-ಬಿಳುಪು ಕ್ಯಾಮೆರಾ ಆ ನಡಿಗೆಯ ಬೆನ್ನು ಬಿಡುವುದಿಲ್ಲ.

ನನ್ನ ಮಟ್ಟಿಗೆ ಇದರ ದೊಡ್ಡಸ್ತಿಕೆ ಇಲ್ಲಿದೆ: ಮನೆಮನೆಗೆ ಹೋಗಿ ಜನರನ್ನು ಕೂಡಿಸಿಕೊಂಡ ಬಳಗದ ರೀತಿಯೇ ಕಥೆಯ ರೀತಿಯೂ ಆಯಿತು. ಹಣ ಬಂದ ದಾರಿ ಚಿತ್ರಕ್ಕೆ ಆಕಾರ ಕೊಟ್ಟಿತು. ಕೆಲವೆಡೆ ಓಟ ಕುಂಟುತ್ತದೆ, ಘೋಷಣೆ ಜಾಸ್ತಿಯಾಗುತ್ತದೆ, ಒಪ್ಪುತ್ತೇನೆ. ಆದರೆ ನಿರ್ಮಾಪಕನ ಒಪ್ಪಿಗೆಗೆ ಕಾದಿದ್ದರೆ ಈ ಚಿತ್ರ ಕಾಗದದ ಮೇಲೂ ಉಳಿಯುತ್ತಿರಲಿಲ್ಲ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನ ಹತ್ತು ಶ್ರೇಷ್ಠ ಭಾರತೀಯ ಚಿತ್ರಗಳ ಪಟ್ಟಿಯಲ್ಲಿ ಮುಂದೆ ಇದಕ್ಕೆ ಜಾಗ ಸಿಕ್ಕಿತು.

1987ರ ಮೇ 31ರಂದು ಕೋಳಿಕ್ಕೋಡಿನಲ್ಲಿ ಮನೆಯ ತಾರಸಿಯಿಂದ ಬಿದ್ದು ಜಾನ್ ತೀರಿಕೊಂಡರು. ಐವತ್ತೂ ತುಂಬಿರಲಿಲ್ಲ. ಬಳಗದ ಉಳಿದವರು ಚಂದಾ ಎತ್ತುವುದನ್ನು ನಿಲ್ಲಿಸಲಿಲ್ಲ; ಸಾಕ್ಷ್ಯಚಿತ್ರಗಳನ್ನು ಮಾಡಿ ಊರೂರಲ್ಲಿ ತೋರಿಸಿದರು.