ಸತ್ತವರ ಚಿತ್ರ ಯಾರ ಕೈಯಾಗ ಅದ?

(ಕಡಗಂಚಿಯಲ್ಲಿ ಹಾಸ್ಟೆಲ್ ವಿದ್ಯಾರ್ಥಿಗಳ ಮುಂದೆ ಆಡಿದ ಮಾತು)



ಕೊಲೆ ಕೇಸುಗಳ ಸಾಕ್ಷ್ಯಚಿತ್ರಗಳನ್ನ ಈಗ ಎಲ್ಲರೂ ಮೊಬೈಲಿನಾಗ ನೋಡ್ತೀವಿ. ಹಳೆಯ ಟಿವಿ ಸುದ್ದಿ, ಪೊಲೀಸರ ವಿಡಿಯೊ, ಪೇಪರಿನ ಫೋಟೊ ಜೋಡಿಸಿ, ಹಿಂದೆ ಎದೆ ನಡುಗಿಸೋ ಸಂಗೀತ ಹಾಕಿರ್ತಾರ. ನೋಡಿ ಎದ್ದಮೇಲೆ ನೆನಪಿನಾಗ ಉಳಿಯೋದು ಕೊಂದವನ ಮುಖ. ಸತ್ತವರು ಬರೀ ಲೆಕ್ಕ ಆಗ್ತಾರ.

ನಿಮ್ಮಲ್ಲಿ ಕೆಲವರು ಇಂಥ ಚಿತ್ರ ಮಾಡಬೇಕಂತೀರಿ. ಮಾಡ್ರಿ. ಆದರೆ ನಮ್ಮ ಕೇರಿಯ ಕೊಲೆಗಳ ಬಗ್ಗೆ ಮಾಡುವಾಗ ಮೊದಲು ಕೇಳ್ರಿ: ಈ ಹಳೆಯ ದೃಶ್ಯ ತೆಗೆದವರು ಯಾರು? ಯಾರ ಬೆನ್ನ ಹಿಂದೆ ನಿಂತು ತೆಗೆದರು?

ಕಂಬಾಲಪಲ್ಲಿಯನ್ನೇ ನೋಡೋಣ. 2000ದ ಮಾರ್ಚ್ 11. ಆಗ ಕೋಲಾರ ಜಿಲ್ಲೆಗೆ ಸೇರಿದ್ದ ಚಿಂತಾಮಣಿ ತಾಲ್ಲೂಕಿನ ಆ ಊರಲ್ಲಿ ಏಳು ಮಂದಿ ದಲಿತರನ್ನ ಜೀವಂತ ಸುಟ್ಟರು. ಇಂಥ ಊರುಗಳಿಗೆ ಕ್ಯಾಮೆರಾ ಬರೋದು ಬೂದಿ ಆದಮೇಲೆ. ಸುಟ್ಟ ಮನೆ, ಅಳುವ ಹೆಂಗಸರು, ಮಂತ್ರಿಗಳ ಕಾರು ಸೆರೆಯಾಗ್ತಾವ. ಆಮೇಲೆ ಕ್ಯಾಮೆರಾ ಊರು ಬಿಡ್ತದ. 2006ರಲ್ಲಿ ಕೆಳ ನ್ಯಾಯಾಲಯ ಆರೋಪಿಗಳನ್ನ ಬಿಡುಗಡೆ ಮಾಡಿತು. ಸಾಕ್ಷಿಗಳು ಉಲ್ಟಾ ಹೊಡೆದಿದ್ದರು. 2014ರಲ್ಲಿ ಹೈಕೋರ್ಟೂ ಆ ಬಿಡುಗಡೆಯನ್ನ ಎತ್ತಿಹಿಡಿಯಿತು. ಏಳು ಮಂದಿ ಸುಟ್ಟು ಹೋದರು, ಸುಟ್ಟವರು ಮಾತ್ರ ಯಾರೂ ಇಲ್ಲ!

ಸಾಕ್ಷಿಗಳ ಬಾಯಿ ಹ್ಯಾಂಗ ಕಟ್ಟಿತು? ಬೆಂಕಿಯ ದೃಶ್ಯ ಎಷ್ಟು ಸಲ ತಿರುಗಿಸಿದರೂ ಅದು ಕಾಣೋದಿಲ್ಲ. ತೀರ್ಪಿನ ಹಾಳೆ ಓದಬೇಕು, ಆ ಊರಿಗೆ ಮತ್ತೆ ಹೋಗಬೇಕು, ಉಳಿದವರ ಹತ್ತಿರ ಕುಂತು ಕೇಳಬೇಕು. ಹಳೆಯ ದೃಶ್ಯದ ಪಕ್ಕಕ್ಕೆ ಇವನ್ನ ಇಟ್ಟಾಗಲೇ ಚಿತ್ರ ಬಾಯಿ ಬಿಡ್ತದ.

ಹೀಗೆ ಮಾಡಿದವರು ಇದ್ದಾರ. ನಮ್ಮ ಭಾಗದ ಮಂದಿ ದುಡಿಯಾಕ ಹೋಗುವ ಮುಂಬೈಯಲ್ಲೇ, ಘಾಟ್ಕೋಪರದ ರಮಾಬಾಯಿ ನಗರದಲ್ಲಿ, 1997ರ ಜುಲೈ 11ರಂದು ಬಾಬಾಸಾಹೇಬರ ಪುತ್ಥಳಿಗೆ ಚಪ್ಪಲಿ ಹಾರ ಹಾಕಿದ್ದರು. ಪ್ರತಿಭಟಿಸಿದವರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಹತ್ತು ಮಂದಿ ಸತ್ತರು. ಆ ದುಃಖದಲ್ಲಿ ಹಾಡುಗಾರ ಕವಿ ವಿಲಾಸ್ ಘೋಗ್ರೆ ನೇಣು ಹಾಕಿಕೊಂಡರು. ನಿರ್ದೇಶಕ ಆನಂದ್ ಪಟವರ್ಧನ್ 1985ರ ತಮ್ಮ ಚಿತ್ರಕ್ಕಾಗಿ ಘೋಗ್ರೆಯವರ ಹಾಡನ್ನ ಸೆರೆಹಿಡಿದಿದ್ದರು. ಆ ಹಳೆಯ ರೀಲಿನಿಂದಲೇ ಸತ್ತ ಗೆಳೆಯನನ್ನ ಮತ್ತೆ ಹಾಡಿಸಿದರು. 'ಜೈ ಭೀಮ್ ಕಾಮ್ರೇಡ್' ಮುಗಿಯಲು ಹದಿನಾಲ್ಕು ವರ್ಷ ಹಿಡಿಯಿತು, 2011ರಲ್ಲಿ ಹೊರಬಂತು. ಅದರಲ್ಲಿ ಸತ್ತವರು ಲೆಕ್ಕವಾಗಿ ಉಳಿಯಲಿಲ್ಲ, ಅವರಿಗೆ ಮನೆಯಿತ್ತು, ಹಾಡಿತ್ತು.

ಈಗ ನಮ್ಮ ಕೆಲಸ. ದೌರ್ಜನ್ಯ ತಡೆ ಕಾಯ್ದೆಯ 15ಎ ಕಲಂ 2016ರಿಂದ ಜಾರಿಯಲ್ಲಿದೆ. ಆ ಕಾಯ್ದೆಯ ಕೇಸಿನ ಕಲಾಪವನ್ನೆಲ್ಲ ವಿಡಿಯೊ ಮಾಡಬೇಕು ಅಂತ ಅದು ಹೇಳ್ತದ. ಎಫ್‌ಐಆರ್ ಪ್ರತಿಯನ್ನ ನೊಂದವರಿಗೆ ಪುಕ್ಕಟೆ ಕೊಡಬೇಕು ಅಂತಲೂ ಹೇಳ್ತದ. ಇದು ಎಷ್ಟು ಮಂದಿಗೆ ಗೊತ್ತದ? ನೊಂದವರ ಜೊತೆ ಹೋಗಿ ಕೇಳ್ರಿ. ಮೊಬೈಲಿನಾಗ ತೆಗೆದದ್ದರ ಮೂಲ ಫೈಲು ಕತ್ತರಿಸಬ್ಯಾಡ್ರಿ. ದಿನ, ಊರು, ತೆಗೆದವರ ಹೆಸರು ಬರೆದಿಡ್ರಿ. ಅತ್ಯಾಚಾರಕ್ಕೆ ಒಳಗಾದವರ ಹೆಸರು, ಮುಖ ತೋರಿಸಬ್ಯಾಡ್ರಿ, ಕಾನೂನೂ ಒಪ್ಪೋದಿಲ್ಲ. ಚಿತ್ರ ಆದಮೇಲೆ ಮೊದಲು ಸತ್ತವರ ಮನೆಯವರಿಗೆ ತೋರಿಸ್ರಿ. ಅವರು ಬ್ಯಾಡ ಅಂದ ದೃಶ್ಯ ತೆಗೀರಿ.

ನಮ್ಮ ಹೆಣಗಳ ಚಿತ್ರ ಬೇರೆಯವರ ಕಪಾಟಿನಾಗ ಬೇಕಾದಷ್ಟು ಅವ. ನಮ್ಮ ಬದುಕಿನ ಚಿತ್ರ, ನಮ್ಮ ಸಾಕ್ಷಿಯ ಚಿತ್ರ ನಮ್ಮ ಕೈಯಾಗೇ ಉಳೀಬೇಕು.

ಜೈ ಭೀಮ್.